ಸರಪಂಚರಿಗೆ ನೋಟಿಸ್ ಬಂದರೆ ಮೊದಲು ಲಕೋಟೆ ಎತ್ತಿಡಿ

ಅಕ್ಕಲಕೋಟೆ ಕಡೆಯ ನಮ್ಮ ಕಾಕು ಎಸ್ಟಿ ಬಸ್ಸಿಳಿದು ಪುಣೆಯ ಹಡಪಸರದ ನಮ್ಮ ಮನೆಗೆ ಬಂದಾಗ ಕೈಯಲ್ಲಿ ಒಂದೇ ಚೀಲ. ಮೇಲೆ ಕಡಕ್ ರೊಟ್ಟಿ, ಶೇಂಗಾ ಹಿಂಡಿ. ಅಡಿಯಲ್ಲಿ ಎಣ್ಣೆ ಹತ್ತಿದ ಸರ್ಕಾರಿ ಕಾಗದ. ಕಾಕು ಊರಿನ ಸರಪಂಚ್, ಅಂದರೆ ಗ್ರಾಮ ಪಂಚಾಯಿತಿ ಅಧ್ಯಕ್ಷೆ. ಓದಿದ್ದು ಕನ್ನಡ ಶಾಲೆಯಲ್ಲಿ, ಏಳನೇ ತನಕ.

“ಮರಾಠ್ಯಾಗ ಏನೋ ಬರದಾರ. ಸುನಾವಣಿ (ವಿಚಾರಣೆ) ಐತಂತ, ನಾಳಿಗೇ.”

“ಲಕೋಟಿ ಎಲ್ಲೈತಿ ಕಾಕು?”

“ಅದ್ಯಾಕೋ? ಒಲಿಗೆ ಹಾಕ್ದೆ.”

ಹೋಯಿತು. ನೋಟಿಸಿನ ಮೇಲಿದ್ದ ತಾರೀಖಿಗೂ ಅದು ಕೈಗೆ ಬಂದ ದಿನಕ್ಕೂ ಹನ್ನೊಂದು ದಿನ ಅಂತರ. ಅದನ್ನು ತೋರಿಸೋಕೆ ಇದ್ದದ್ದು ಲಕೋಟೆ ಮೇಲಿನ ಅಂಚೆ ಮುದ್ರೆ ಒಂದೇ.

ಸೊಲ್ಲಾಪುರ, ಸಾಂಗ್ಲಿ, ಕೊಲ್ಹಾಪುರ ಎಲ್ಲವೂ ಪುಣೆ ವಿಭಾಗದ ಜಿಲ್ಲೆಗಳು. ದುರ್ನಡತೆಯ ಆರೋಪದ ಮೇಲೆ ಸರಪಂಚರನ್ನು ತೆಗೆಯುವ ಅಧಿಕಾರ ವಿಭಾಗೀಯ ಆಯುಕ್ತರದ್ದು. ಹಾಗಾಗಿ ಸೊಲ್ಲಾಪುರ ಜಿಲ್ಲೆಯ ಅಕ್ಕಲಕೋಟೆ, ಸಾಂಗ್ಲಿ ಜಿಲ್ಲೆಯ ಜತ್ತ ಕಡೆಯ ಕನ್ನಡದವರ ಇಂಥ ಪ್ರಕರಣ ಕೊನೆಗೆ ಪುಣೆಗೇ ಬರುತ್ತದೆ. ಅವರು ಬಂದಿಳಿಯುವುದು ಇಲ್ಲಿರುವ ನೆಂಟರ ಮನೆಗೆ. ನಿಮ್ಮ ಮನೆಗೂ ಒಂದಿನ ಯಾರಾದರೂ ಬಂದಾರು ಅಂತ ಇದನ್ನು ಬರೆಯುತ್ತಿದ್ದೇನೆ.

ಯಾವ ಕಲಂ?

ನೋಟಿಸಿನಲ್ಲಿ ಮೊದಲು ಕಲಂ ಸಂಖ್ಯೆ ಹುಡುಕಿ. ಮಹಾರಾಷ್ಟ್ರ ಗ್ರಾಮ ಪಂಚಾಯತ್ ಕಾಯ್ದೆ 1958ರಲ್ಲಿ ಕುರ್ಚಿ ಹೋಗಲು ಮುಖ್ಯವಾಗಿ ಮೂರು ದಾರಿ. ಕಲಂ 35 ಅಂದರೆ ಅವಿಶ್ವಾಸ. ಇಲ್ಲಿ ತಪ್ಪು ಸಾಬೀತಾಗಬೇಕಿಲ್ಲ, ಮತ ಎಣಿಸಿದರೆ ಮುಗಿಯಿತು. ಆದರೂ ತಹಶೀಲ್ದಾರರು ಕರೆಯುವ ಆ ವಿಶೇಷ ಸಭೆಯಲ್ಲಿ ಮಾತಾಡುವ ಹಕ್ಕು, ಮತ ಹಾಕುವ ಹಕ್ಕು ಸರಪಂಚರಿಗೆ ಇದೆ. ಸಿಟ್ಟು ಮಾಡಿಕೊಂಡು ಮನೆಯಲ್ಲಿ ಕೂತರೆ ಎರಡೂ ಹೋಗುತ್ತವೆ. ಜನರಿಂದ ನೇರವಾಗಿ ಗೆದ್ದ ಸರಪಂಚ್ ಆಗಿದ್ದರೆ ಗ್ರಾಮಸಭೆಯ ಗುಪ್ತ ಮತದಾನವೂ ಆಗಬೇಕು.

ಕಲಂ 14 ಮತ್ತು 16 ಅನರ್ಹತೆಯದ್ದು. ಸರ್ಕಾರಿ ಜಾಗದ ಅತಿಕ್ರಮಣ, ಎರಡಕ್ಕಿಂತ ಜಾಸ್ತಿ ಮಕ್ಕಳು, ಇಂಥವು. ತೀರ್ಮಾನ ಕಲೆಕ್ಟರರದ್ದು.

ಕಾಕುಗೆ ಬಂದದ್ದು ಕಲಂ 39. ದುರ್ನಡತೆ, ನಾಚಿಕೆಗೇಡಿನ ವರ್ತನೆ, ಕರ್ತವ್ಯದಲ್ಲಿ ಅಸಡ್ಡೆ, ಇವೆಲ್ಲ ಇದರಲ್ಲಿ ಬರುತ್ತವೆ. ಆಯುಕ್ತರ ಆದೇಶದ ಮೇಲೆ ಜಿಲ್ಲಾ ಪರಿಷತ್ತಿನ ಸಿಇಓ ಮಟ್ಟದಲ್ಲಿ ವಿಚಾರಣೆ ನಡೆಯಬೇಕು. ಪಂಚಾಯಿತಿಗೂ ಆ ವ್ಯಕ್ತಿಗೂ ನೋಟಿಸ್ ಹೋಗಬೇಕು. ತನ್ನ ಮಾತು ಹೇಳಲು ಸಾಕಷ್ಟು ಅವಕಾಶ ಸಿಗಬೇಕು. ಆಮೇಲೆ ವರದಿ, ಆಮೇಲೆ ಆಯುಕ್ತರ ತೀರ್ಮಾನ.

ಕಾಗದ ಕೇಳಿ, ಬರೆದು ಕೇಳಿ

ನನ್ನ ಪ್ರಕಾರ ಇಡೀ ಕೆಲಸದಲ್ಲಿ ಇದೇ ದೊಡ್ಡದು. ಆರೋಪ ಏನು ಅಂತ ಗೊತ್ತಿಲ್ಲದೆ ಉತ್ತರ ಕೊಡೋದು ಹೇಗೆ? “ಭ್ರಷ್ಟಾಚಾರ ಮಾಡಿದ್ದೀರಿ” ಅಂದರೆ ಆಗಲಿಲ್ಲ. ಯಾವ ಕೆಲಸ, ಯಾವ ವರ್ಷ, ಎಷ್ಟು ರೂಪಾಯಿ? ದೂರಿನ ಪ್ರತಿ, ಹೇಳಿಕೆಗಳು, ಆಧಾರ ಮಾಡಿಕೊಂಡ ದಾಖಲೆ, ವಿಚಾರಣಾ ವರದಿ, ಇಷ್ಟನ್ನೂ ಒಂದು ಅರ್ಜಿಯಲ್ಲಿ ಕೇಳಿ. ಎರಡು ಪ್ರತಿ ಒಯ್ಯಿರಿ. ಒಂದರ ಮೇಲೆ ಆವಕ (ಬಂದ ಕಾಗದ ತೆಗೆದುಕೊಳ್ಳುವ) ವಿಭಾಗದ ಠಸ್ಸೆ, ತಾರೀಖು ಹಾಕಿಸಿಕೊಂಡೇ ಬನ್ನಿ. ಬಾಯಿಮಾತಲ್ಲಿ ಕೇಳಿದ್ದು ಕೇಳಿದ ಹಾಗಲ್ಲ. ಮಾಹಿತಿ ಹಕ್ಕಿನಲ್ಲಿ ಕೇಳಬಹುದು ನಿಜ, ಆದರೆ ಅಲ್ಲಿ 30 ದಿನದ ಗಡುವು. ಅಷ್ಟರಲ್ಲಿ ಆದೇಶವೇ ಬಂದುಬಿಡಬಹುದು.

ಸಮಯ ಸಾಲದಿದ್ದರೆ ಅದನ್ನೂ ಬರೆದೇ ಕೇಳಿ. ನಾವು ರಾತ್ರಿ ಕೂತು ಒಂದು ಪುಟದ ಅರ್ಜಿ ಮರಾಠಿಯಲ್ಲಿ ಬರೆದೆವು. ನೋಟಿಸ್ ನಿನ್ನೆ ಸಿಕ್ಕಿತು, ವರದಿ ಸಿಕ್ಕಿಲ್ಲ, ಮೂರು ವಾರ ಕೊಡಿ. ಕನ್ನಡದಲ್ಲೇ ಬರೆಯಬಾರದೇ ಅಂದಳು ಕಾಕು. ಅಹವಾಲನ್ನು ದೇಶದಲ್ಲಿ ಅಥವಾ ರಾಜ್ಯದಲ್ಲಿ ಬಳಕೆಯಲ್ಲಿರುವ ಯಾವ ಭಾಷೆಯಲ್ಲಾದರೂ ಕೊಡಲು ಸಂವಿಧಾನದ 350ನೇ ವಿಧಿ ಬಿಡುತ್ತದೆ. ಆದರೆ ಹುದ್ದೆ ಉಳಿಸಿಕೊಳ್ಳುವ ದಿನ ಭಾಷೆಯ ಜಗಳ ಬೇಡ. ಮರಾಠಿಯಲ್ಲೇ ಕೊಡಿ, ಸಹಿ ಬೇಕಾದರೆ ಕನ್ನಡದಲ್ಲಿ ಮಾಡಿ. ಕಾಕು ಹಾಗೇ ಮಾಡಿದಳು.

ಸಹಿಗೆ ಮುಂಚೆ ಓದಿ

ವರದಿ ಕೈಗೆ ಬಂದಾಗ ಗೊತ್ತಾದದ್ದು ಬೇರೆಯೇ ಕಥೆ. ಹಿಂದಿನ ವಿಚಾರಣೆಯಲ್ಲಿ ಯಾರೋ “ಹಾಜರಿಗೆ ಸಹಿ ಹಾಕ್ರಿ ಬಾಯಿ” ಅಂದಿದ್ದರಂತೆ, ಕಾಕು ಹಾಕಿದ್ದಳು. ಆ ಹಾಳೆಯಲ್ಲಿ ಸಹಿಯ ಮೇಲೆ ಒಂದು ಸಾಲು: “ನನಗೆ ಹೇಳುವುದೇನೂ ಇಲ್ಲ.” ಪ್ರತಿ ಸುನಾವಣಿಗೂ ರೋಜನಾಮೆ ಅಂತ ಒಂದು ಹಾಳೆ ಇರುತ್ತದೆ. ಅವತ್ತು ಏನಾಯಿತು ಅನ್ನೋದಕ್ಕೆ ಅದೇ ದಾಖಲೆ. ಓದಿಸಿಕೊಳ್ಳದೆ ಸಹಿ ಬೇಡ. ತಪ್ಪು ಬರೆದಿದ್ದರೆ ಸಹಿಯ ಪಕ್ಕದಲ್ಲೇ “ಒಪ್ಪಿಗೆ ಇಲ್ಲ” ಅಂತ ಬರೆಯಿರಿ.

ಉತ್ತರವನ್ನು ಆರೋಪದ ಕ್ರಮದಲ್ಲೇ ಬರೆಯಿರಿ, ಒಂದೊಂದಕ್ಕೂ ಕಾಗದ ಲಗತ್ತಿಸಿ. ಕಾಕು ಮೇಲಿದ್ದದ್ದು ಬೋರ್‌ವೆಲ್ ಮೋಟರಿನ ಬಿಲ್ಲು. ಚೆಕ್ಕಿನ ಮೇಲೆ ಗ್ರಾಮಸೇವಕರ ಸಹಿಯೂ ಇತ್ತು, ಮಾಸಿಕ ಸಭೆಯ ಠರಾವೂ (ನಿರ್ಣಯ) ಇತ್ತು. ಎರಡರ ಪ್ರತಿಯನ್ನೂ ಜೋಡಿಸಿದೆವು. “ನನ್ನ ವಿರೋಧಿಗಳ ಕುತಂತ್ರ” ಅಂತ ನಾಲ್ಕು ಪುಟ ಬರೆಯೋದಕ್ಕಿಂತ ಒಂದು ಠರಾವು ಜಾಸ್ತಿ ಕೆಲಸ ಮಾಡುತ್ತದೆ.

ಉತ್ತರದ ಕೊನೆಗೆ ಎರಡು ತೀರ್ಪು ನೆನಪಿಸಿ. 2012ರಲ್ಲಿ ರಾಯಗಡ ಜಿಲ್ಲೆಯ ಉರಣ್ ನಗರಸಭೆಯ ಅಧ್ಯಕ್ಷರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಚುನಾಯಿತರನ್ನು ತೆಗೆಯುವಾಗ ಕಾನೂನಿನ ಕ್ರಮ ಬಿಡುವಂತಿಲ್ಲ, ಕಾರಣ ಬರೆಯಲೇಬೇಕು ಎಂದಿತು. 2024ರ ಸೆಪ್ಟೆಂಬರಿನಲ್ಲಿ ಜಳಗಾಂವ್ ಜಿಲ್ಲೆಯ ವಿಚ್‌ಖೇಡಾ ಗ್ರಾಮದ ಮಹಿಳಾ ಸರಪಂಚರ ಅನರ್ಹತೆಯನ್ನು ಅದೇ ಕೋರ್ಟು ರದ್ದು ಮಾಡಿತು. ಅತ್ತೆಯ ಮನೆ ಸರ್ಕಾರಿ ಜಾಗದಲ್ಲಿದೆ, ಸೊಸೆಯೂ ಅಲ್ಲೇ ಇದ್ದಾಳೆ ಅನ್ನೋದು ಆರೋಪ. ಗಂಡ ಮಕ್ಕಳ ಜೊತೆ ಬೇರೆ ಬಾಡಿಗೆ ಮನೆಯಲ್ಲಿದ್ದೇನೆ ಅಂತ ಆಕೆ ಹೇಳಿದ್ದನ್ನು ಅಧಿಕಾರಿಗಳು ಸರಿಯಾಗಿ ನೋಡಿರಲೇ ಇಲ್ಲ.

ಹಾಗಾದರೆ ನಿಜವಾಗಿ ದುಡ್ಡು ತಿಂದವರಿಗೂ ಇಷ್ಟೆಲ್ಲ ಬೇಕಾ ಅಂತ ಊರವರು ಕೇಳುತ್ತಾರೆ. ಬೇಕು. ಸುನಾವಣಿ ಸರಿಯಾಗಿ ಆಗದಿದ್ದರೆ ಆದೇಶ ಮೇಲೆ ಬಿದ್ದುಹೋಗುತ್ತದೆ, ತಿಂದವರು ಹಾರ ಹಾಕಿಸಿಕೊಂಡು ವಾಪಸ್ ಬರುತ್ತಾರೆ. ದೂರು ಕೊಟ್ಟವರೂ ಇದನ್ನು ನೋಡಿಕೊಳ್ಳಬೇಕು ಅಲ್ವಾ?

ಆದೇಶ ಬಂದ ಮೇಲೆ

ಆಯುಕ್ತರ ಆದೇಶ ಕೈಗೆ ಬಂದ ದಿನದಿಂದ 15 ದಿನದೊಳಗೆ ರಾಜ್ಯ ಸರ್ಕಾರಕ್ಕೆ ಮೇಲ್ಮನವಿ ಸಲ್ಲಿಸಬೇಕು. ತಡೆಯಾಜ್ಞೆಯ ಅರ್ಜಿಯನ್ನೂ ಜೊತೆಗೇ ಕೊಡಿ. ಅಲ್ಲೂ ಆಗದಿದ್ದರೆ ಹೈಕೋರ್ಟು. ಮೊದಲು ಅದಕ್ಕೆ ಮುಂಬಯಿಗೇ ಹೋಗಬೇಕಿತ್ತು. 2025ರ ಆಗಸ್ಟ್ 18ರಿಂದ ಸೊಲ್ಲಾಪುರ, ಸಾಂಗ್ಲಿ ಜಿಲ್ಲೆಯವರಿಗೆ ಕೊಲ್ಹಾಪುರದಲ್ಲೇ ಸಂಚಾರಿ ಪೀಠ ಇದೆ.

ಕಾಕುಗೆ ಇನ್ನೂ ಆದೇಶ ಬಂದಿಲ್ಲ. ಮೊನ್ನೆ ಫೋನ್ ಮಾಡಿದ್ದಳು. ಬ್ಯಾಂಕಿನಿಂದ ಬಂದ ಜಾಹೀರಾತಿನ ಲಕೋಟೆಯನ್ನೂ ಎತ್ತಿಟ್ಟಿದ್ದಾಳಂತೆ.