ಕಾಫಿಗೂ ಮುಂಚಿನ ಮಾತ್ರೆ: ಥೈರಾಯ್ಡ್ ಜೊತೆ ನನ್ನ ಅನುಭವ

ನನ್ನ ರಕ್ತಪರೀಕ್ಷೆಯ ರಿಪೋರ್ಟಿನಲ್ಲಿ, ಥೈರಾಯ್ಡ್ ಗ್ರಂಥಿಯನ್ನು ಕೆಲಸಕ್ಕೆ ಎಬ್ಬಿಸುವ ಹಾರ್ಮೋನಾದ ಟಿಎಸ್‌ಎಚ್ 18 ಎಂದಿತ್ತು. ಇರಬೇಕಾದದ್ದು ಹೆಚ್ಚುಕಡಿಮೆ 0.4ರಿಂದ 4. ಥೈರಾಯ್ಡ್ ಜಾಸ್ತಿಯಾಗಿದೆ ಎಂದೇ ಮನೆಯವರೆಲ್ಲ ಮಾತಾಡಿಕೊಂಡರು. ಆದರೆ ಆಗಿದ್ದದ್ದು ಕಡಿಮೆ. ಟಿಎಸ್‌ಎಚ್ ಬರುವುದು ಕತ್ತಿನ ಥೈರಾಯ್ಡ್ ಗ್ರಂಥಿಯಿಂದಲ್ಲ, ಮೆದುಳಿನ ಬುಡದಲ್ಲಿರುವ ಪುಟ್ಟ ಪಿಟ್ಯುಟರಿಯಿಂದ. ರಕ್ತದಲ್ಲಿ ಥೈರಾಯ್ಡ್ ತಯಾರಿಸುವ ಹಾರ್ಮೋನ್ ಥೈರಾಕ್ಸಿನ್ ಇಳಿದರೆ, ಓಗೊಡದ ಮಗನನ್ನು ಅಮ್ಮ ದನಿ ಏರಿಸಿ ಕರೆಯುವ ಹಾಗೆ, ಅದು ಟಿಎಸ್‌ಎಚ್ ಏರಿಸುತ್ತಾ ಹೋಗುತ್ತದೆ. ಥೈರಾಕ್ಸಿನ್ ಸಾಕಷ್ಟು ಸಿಕ್ಕಿತೆಂದರೆ ತಾನೇ ಇಳಿಸುತ್ತದೆ. ಇಷ್ಟು ಅರ್ಥವಾದ ಮೇಲೆ ಸುಸ್ತು, ಮಲಬದ್ಧತೆ, ಬೇಸಿಗೆಯಲ್ಲೂ ಹೊದ್ದುಕೊಳ್ಳುವಷ್ಟು ಚಳಿ, ಎಲ್ಲಕ್ಕೂ ಒಂದೇ ಕಾರಣ ಕಾಣಿಸಿತು.

ಡಾಕ್ಟರು 50 ಮೈಕ್ರೋಗ್ರಾಂ ಥೈರಾಕ್ಸಿನ್ ಶುರುಮಾಡಿದರು. ಎದ್ದ ಕೂಡಲೇ ಖಾಲಿ ಹೊಟ್ಟೆಯಲ್ಲಿ, ಬರೀ ನೀರಿನ ಜೊತೆ ನುಂಗುತ್ತೇನೆ. ಕಾಫಿ ಒಂದು ಗಂಟೆ ಬಿಟ್ಟು. ನಮ್ಮಂಥ ಮನೆಗಳಲ್ಲಿ ನಿಜವಾಗಿ ಕಷ್ಟವಾದದ್ದು ಇದೇ! ಕಾಫಿ ಜೊತೆಗೆ ಹೋದರೆ ಮಾತ್ರೆ ಪೂರ್ತಿ ಮೈಗೆ ಹತ್ತುವುದಿಲ್ಲ. ಅದಕ್ಕೇ ಬಾಟಲಿಯನ್ನು ಹಾಸಿಗೆ ಪಕ್ಕದಲ್ಲೇ ಇಟ್ಟುಕೊಂಡೆ. ಅಡುಗೆಮನೆಯ ಬಿಸಿ, ಆವಿಯಿಂದಲೂ ಅದು ದೂರ ಉಳಿಯಿತು. ಕ್ಯಾಲ್ಸಿಯಂ, ಕಬ್ಬಿಣದ ಮಾತ್ರೆಗಳಿಗೆ ಕನಿಷ್ಠ ನಾಲ್ಕು ಗಂಟೆ ಅಂತರ ಬೇಕು. ಅವನ್ನು ರಾತ್ರಿಗೆ ತಳ್ಳಿದ್ದೇನೆ.

ತಾಳ್ಮೆ ಬೇಕಾದದ್ದು ರಕ್ತಪರೀಕ್ಷೆಯಲ್ಲಿ. ಥೈರಾಕ್ಸಿನ್ ದೇಹದಲ್ಲಿ ಅರ್ಧಕ್ಕಿಳಿಯಲು ಸುಮಾರು ಒಂದು ವಾರ ಬೇಕು. ಹಾಗಾಗಿ ಡೋಸ್ ಬದಲಾದ ಮೇಲೆ ಹೊಸ ಮಟ್ಟ ನೆಲೆಗೊಳ್ಳಲು ಆರು ವಾರವಾದರೂ ಹಿಡಿಯುತ್ತದೆ. ಹತ್ತೇ ದಿನಕ್ಕೆ ಪರೀಕ್ಷಿಸಿದರೆ ಬರುವ ಅಂಕಿಯಿಂದ ಏನೂ ತೀರ್ಮಾನಿಸಲಾಗದು. ನನಗೆ 75ಕ್ಕೆ ಏರಿಸಿದ ಮೇಲೆ ಟಿಎಸ್‌ಎಚ್ ಮಿತಿಯೊಳಗೆ ಬಂತು. ಪರೀಕ್ಷೆಯ ದಿನ ರಕ್ತ ಕೊಟ್ಟ ನಂತರವೇ ಮಾತ್ರೆ. ಕೂದಲಿಗೆಂದು ತೆಗೆದುಕೊಳ್ಳುವ ಬಯೋಟಿನ್ ಕೆಲವು ಲ್ಯಾಬ್ ಪರೀಕ್ಷೆಗಳ ಅಂಕಿಯನ್ನೇ ತಪ್ಪಾಗಿ ತೋರಿಸಬಲ್ಲದು, ಅದನ್ನು ಎರಡು ದಿನ ಮೊದಲೇ ನಿಲ್ಲಿಸುತ್ತೇನೆ.

ಅಯೋಡಿನ್ ಹೆಚ್ಚು ತಿನ್ನು ಎಂದವರು ಬಹಳ. ನನ್ನದು ದೇಹದ ರಕ್ಷಣಾ ವ್ಯವಸ್ಥೆಯೇ ಗ್ರಂಥಿಯ ಮೇಲೆ ಬೀಳುವ ಹಾಶಿಮೊಟೊ ಕಾಯಿಲೆ. ಇದರಲ್ಲಿ ಅತಿಯಾದ ಅಯೋಡಿನ್ ಕೆಡಿಸಲೂಬಹುದು. ಅಡುಗೆಯ ಅಯೋಡಿನ್ ಉಪ್ಪೇ ಸಾಕು. ಥೈರಾಯ್ಡ್ ಇದ್ದವರು ತಿನ್ನಬಾರದು ಎಂದು ಜನ ಹೇಳುವ ಎಲೆಕೋಸನ್ನೂ ಬಿಟ್ಟಿಲ್ಲ, ಬೇಯಿಸಿ ತಿನ್ನುತ್ತೇನೆ.

ತಂಗಿಗೂ ಇದೇ ತೊಂದರೆ. ಬಸುರಿ ಎಂದು ಗೊತ್ತಾದ ದಿನವೇ ಅವಳಿಂದ ಡಾಕ್ಟರಿಗೆ ಫೋನ್ ಮಾಡಿಸಿದೆ, ಡೋಸ್ ಏರಿಸಿದರು. ಮೊದಲ ತಿಂಗಳುಗಳಲ್ಲಿ ಮಗುವಿನ ಮೆದುಳು ಬೆಳೆಯುವುದು ತಾಯಿಯ ಥೈರಾಕ್ಸಿನ್‌ನಿಂದಲೇ.