ಪ್ರೋನೋಟಿನ ಸಾಲ ವಸೂಲಿಗೆ ಸಮರಿ ದಾವೆ ಹಾಕುವುದು ಹೇಗೆ?

ಕೈಸಾಲ ಕೊಟ್ಟು ಪ್ರೋನೋಟು (ಹಣ ವಾಪಸು ಕೊಡುತ್ತೇನೆಂದು ಸಾಲಗಾರರು ಸಹಿ ಹಾಕಿದ ಪತ್ರ) ಬರೆಸಿಕೊಂಡವರಿಗೆ ಮಾಮೂಲಿ ಸಿವಿಲ್ ದಾವೆಗಿಂತ ಚುರುಕಾದ ದಾರಿಯೊಂದಿದೆ. ಅದು ಸಿವಿಲ್ ಪ್ರಕ್ರಿಯಾ ಸಂಹಿತೆ 1908ರ 37ನೇ ಆದೇಶದಡಿ ಹಾಕುವ ಸಮರಿ ದಾವೆ. ಇಲ್ಲಿ ಪ್ರತಿವಾದಿ ನೇರವಾಗಿ ತಕರಾರು ಸಲ್ಲಿಸುವಂತಿಲ್ಲ. ಮೊದಲು ಕೋರ್ಟಿನ ಅನುಮತಿ ಪಡೆಯಬೇಕು. ಆದರೆ ಇದರ ಲಾಭ ಸಿಗುವುದು ಕಾಗದ ಸರಿಯಿದ್ದರೆ ಮಾತ್ರ.

ಹಾಗಾಗಿ ವಕೀಲರ ಹತ್ತಿರ ಹೋಗುವ ಮುಂಚೆ ನೋಟನ್ನು ಬೆಳಕಿನಲ್ಲಿ ಹಿಡಿದು ಓದಿ. ತಾರೀಖು, ಮೊತ್ತ, ಬಡ್ಡಿ ದರ, ಸಹಿ ಇವೆಯೇ ನೋಡಿ. ಷರತ್ತು ಇರಬಾರದು. ‘ಬೆಳೆ ಬಂದರೆ ಕೊಡುತ್ತೇನೆ’ ಎಂದಿದ್ದರೆ ಅದು ಪ್ರೋನೋಟೇ ಅಲ್ಲ. ‘ನೀವು ಕೇಳಿದಾಗ ನಿಮಗಾಗಲಿ, ನೀವು ಹೇಳಿದವರಿಗಾಗಲಿ ಕೊಡುತ್ತೇನೆ’ ಎಂಬ ಒಕ್ಕಣೆ ಇರಬೇಕು. ಸಾಕ್ಷಿಯ ಸಹಿ ಇದ್ದು ‘ನೀವು ಹೇಳಿದವರಿಗೆ’ ಎಂಬ ಮಾತು ಬಿಟ್ಟುಹೋಗಿದ್ದರೆ, ಇದು ಹೆಚ್ಚು ಸ್ಟಾಂಪು ಬೇಕಾದ ಬಾಂಡು, ಅಂಟಿಸಿದ ಸ್ಟಾಂಪು ಸಾಲದು ಎಂದು ಎದುರಿನವರು ತಕರಾರು ತೆಗೆಯಬಹುದು.

ಇನ್ನು ಸ್ಟಾಂಪು. ಕೇಳಿದಾಗ ಕೊಡಬೇಕಾದ ನೋಟಿಗೆ ಶುಲ್ಕ ಪೈಸೆಗಳ ಲೆಕ್ಕದ್ದು. ರೂಢಿಯಲ್ಲಿ 1 ರೂಪಾಯಿಯ ರೆವಿನ್ಯೂ ಸ್ಟಾಂಪು ಅಂಟಿಸುತ್ತಾರೆ. ಸಾಲಗಾರರ ಸಹಿ ಸ್ಟಾಂಪಿನ ಮೇಲೆ ಹಾದು ಹೋಗಿರಲಿ. ಹಾಗೆ ರದ್ದು ಮಾಡದ ಸ್ಟಾಂಪು ಇದ್ದೂ ಇಲ್ಲದ ಹಾಗೆ. ಬೇರೆ ಪತ್ರಗಳಿಗೆ ದಂಡ ಕಟ್ಟಿ ಸರಿಮಾಡಿಕೊಳ್ಳಬಹುದು. ಪ್ರೋನೋಟಿಗೆ ಆ ಅವಕಾಶವೂ ಇಲ್ಲ. ಲಕ್ಷಗಟ್ಟಲೆ ಸಾಲದ ನೋಟು ಇಷ್ಟು ಸಣ್ಣ ಕಾರಣಕ್ಕೆ ಬಿದ್ದುಹೋಗಬಹುದು.

ದಾವೆ ಹಾಕಲು ಇರುವ ಅವಧಿ 3 ವರ್ಷ. ಜಾಸ್ತಿ ಜನ ಎಡವುವುದು ಇಲ್ಲೇ. ಕೇಳಿದಾಗ ಕೊಡುವ ನೋಟಾದರೆ ಎಣಿಕೆ ಶುರುವಾಗುವುದು ನೀವು ಹಣ ಕೇಳಿದ ದಿನದಿಂದಲ್ಲ, ನೋಟಿನ ತಾರೀಖಿನಿಂದ. ಅವಧಿ ಮುಗಿಯುವುದರೊಳಗೆ ಸಾಲಗಾರರು ಒಂದಷ್ಟು ಹಣ ಕೊಟ್ಟು ನೋಟಿನ ಹಿಂಬದಿ ಬರೆದು ಸಹಿ ಹಾಕಿದರೆ, ಅಂದಿನಿಂದ ಹೊಸದಾಗಿ 3 ವರ್ಷ ಸಿಗುತ್ತದೆ. ‘ಮುಂದಿನ ತಿಂಗಳು ಕೊಡ್ತೀನಿ’ ಎಂಬ ಬಾಯಿಮಾತಿನಿಂದ ಒಂದು ದಿನವೂ ಸಿಗುವುದಿಲ್ಲ.

ಬಡ್ಡಿ ವ್ಯವಹಾರವೇ ನಿಮ್ಮ ಕಸುಬಾಗಿದ್ದರೆ, ಸಾಲ ಕೊಟ್ಟಾಗ ಕರ್ನಾಟಕ ಲೇವಾದೇವಿಗಾರರ ಕಾಯ್ದೆಯಡಿ ಲೈಸೆನ್ಸ್ ಇದ್ದಿರಬೇಕು. ಇಲ್ಲದಿದ್ದರೆ ಡಿಕ್ರಿ, ಅಂದರೆ ಹಣ ಕೊಡಿಸುವ ಕೋರ್ಟಿನ ಆಜ್ಞೆ, ಸಿಗುವುದಿಲ್ಲ.

ಈಗ ದಾವೆ. ದಾವೆ ಸಂಖ್ಯೆಯ ಕೆಳಗೆ ‘ಸಿವಿಲ್ ಪ್ರಕ್ರಿಯಾ ಸಂಹಿತೆಯ 37ನೇ ಆದೇಶದಡಿ’ ಎಂದು ಬರೆಯಬೇಕು. ಇದು ಆ ಆದೇಶದಡಿಯ ದಾವೆ, ಅದರ ವ್ಯಾಪ್ತಿಗೆ ಹೊರಗಿನ ಯಾವ ಪರಿಹಾರವನ್ನೂ ಕೇಳಿಲ್ಲ ಎಂದು ಒಳಗೂ ಸ್ಪಷ್ಟವಾಗಿ ಹೇಳಬೇಕು. ಸಿಟಿ ಸಿವಿಲ್ ಕೋರ್ಟು, ಸ್ಮಾಲ್ ಕಾಸಸ್ ಕೋರ್ಟುಗಳ ಹೆಸರು ನಿಯಮದಲ್ಲೇ ಇದೆ. ನಿಮ್ಮ ಊರಿನಲ್ಲಿ ಎಲ್ಲಿ ಹಾಕಬೇಕೆಂದು ವಕೀಲರನ್ನು ಕೇಳಿ. ನೋಟಿನಲ್ಲಿ ಬಡ್ಡಿ ದರ ಬರೆದಿಲ್ಲದಿದ್ದರೆ 1881ರ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 80ನೇ ಕಲಮಿನ ಪ್ರಕಾರ ವರ್ಷಕ್ಕೆ ಶೇ 18ರಂತೆ ಲೆಕ್ಕ.

ಸಮನ್ಸ್ ತಲುಪಿದ 10 ದಿನದೊಳಗೆ ಪ್ರತಿವಾದಿ ಖುದ್ದಾಗಿ ಇಲ್ಲವೇ ವಕೀಲರ ಮೂಲಕ ಹಾಜರಾಗಿ ವಿಳಾಸ ಕೊಡಬೇಕು. ಬರದಿದ್ದರೆ ದಾವೆಯಲ್ಲಿ ಹೇಳಿದ್ದನ್ನೆಲ್ಲ ಒಪ್ಪಿಕೊಂಡಂತೆ, ಡಿಕ್ರಿ ಆಗುತ್ತದೆ. ಬಂದರೆ, ತೀರ್ಪಿಗಾಗಿ ಎರಡನೇ ಸಮನ್ಸನ್ನು ನೀವು ಜಾರಿ ಮಾಡಿಸಬೇಕು. ಬಾಕಿ ಇಷ್ಟು, ನನ್ನ ನಂಬಿಕೆಯಂತೆ ಇದಕ್ಕೆ ತಕರಾರಿಲ್ಲ ಎಂಬ ಅಫಿಡವಿಟ್ ಜೊತೆಗಿರಬೇಕು. ಅದು ಸಿಕ್ಕ 10 ದಿನದೊಳಗೆ ಪ್ರತಿವಾದಿಯೂ ಅಫಿಡವಿಟ್ ಹಾಕಿ, ವಾದಿಸಲು ಅನುಮತಿ ಕೇಳಬೇಕು.

ತಕರಾರಿನಲ್ಲಿ ಹುರುಳಿದ್ದರೆ ಷರತ್ತಿಲ್ಲದೆ ಅನುಮತಿ ಸಿಗುತ್ತದೆ. ಅನುಮಾನವಿದ್ದರೆ ಹಣ ಠೇವಣಿ ಇಡಿ ಎನ್ನಬಹುದು ಎಂದು ಸುಪ್ರೀಂ ಕೋರ್ಟ್ 2016ರ ತೀರ್ಪೊಂದರಲ್ಲಿ ಬಿಡಿಸಿ ಹೇಳಿದೆ. ಒಂದಷ್ಟು ಬಾಕಿ ನಿಜ ಎಂದು ಪ್ರತಿವಾದಿಯೇ ಒಪ್ಪಿದರೆ, ಅಷ್ಟನ್ನು ಕೋರ್ಟಿಗೆ ಕಟ್ಟದೆ ಅನುಮತಿ ಇಲ್ಲ.

ಸಾಲ ತಗೊಂಡವರಿಗೂ ಒಂದು ಮಾತು ಹೇಳಲೇಬೇಕು. ಕಷ್ಟದಲ್ಲಿದ್ದಾಗ ಖಾಲಿ ಪ್ರೋನೋಟಿಗೆ ಸಹಿ ಹಾಕಿಸಿಕೊಳ್ಳುವವರು ಇದ್ದೇ ಇದ್ದಾರೆ ಅಲ್ವಾ? ಸ್ಟಾಂಪು ಅಂಟಿಸಿದ ಖಾಲಿ ನೋಟಿಗೆ ಸಹಿ ಹಾಕಿ ಕೊಟ್ಟರೆ, ಅದನ್ನು ತುಂಬುವ ಅಧಿಕಾರವನ್ನೂ ಕೊಟ್ಟಂತೆ ಎನ್ನುತ್ತದೆ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 20ನೇ ಕಲಮು. ಸಹಿ ಒಪ್ಪಿದರೆ ಹಣ ಪಡೆದಿಲ್ಲ ಎಂದು ತೋರಿಸುವ ಹೊರೆ ನಿಮ್ಮದು. ಸಮನ್ಸ್ ಬಂದರೆ ಸುಮ್ನೆ ಕೂರಬೇಡಿ. ಅಂದೇ ವಕೀಲರನ್ನು ಕಾಣಿ. ಹಣ ಕೊಟ್ಟಿದ್ದರ ರಸೀದಿ, ಬ್ಯಾಂಕ್ ಪಾಸ್‌ಬುಕ್ ಜೊತೆಗೇ ಒಯ್ಯಿರಿ. ತಡವಾದದ್ದಕ್ಕೆ ತಕ್ಕ ಕಾರಣವಿದ್ದರೆ ಕೋರ್ಟು ಮನ್ನಿಸಬಹುದು.

ಡಿಕ್ರಿಯಾದ ಮೇಲೂ ಹಣ ಬಾರದಿದ್ದರೆ ವಾದಿ ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿಯನ್ನು ಜಾರಿಗೆ ತರಿಸಿ ಎಂಬ ಅರ್ಜಿ, ಹಾಕಬೇಕು. ಅದಕ್ಕೆ 12 ವರ್ಷ ಕಾಲಾವಕಾಶವಿದೆ. ಆದರೆ ಸಾಲಗಾರರ ಆಸ್ತಿ ಎಲ್ಲೆಲ್ಲಿದೆ ಎಂಬ ವಿವರವನ್ನು ದಾವೆ ನಡೆಯುತ್ತಿರುವಾಗಲೇ ಕಲೆಹಾಕಿ ಇಟ್ಟುಕೊಳ್ಳಿ.