ಗಡಿ ಹೊಲಿಯುವ ಯಂತ್ರ ಸರಿಹೋದದ್ದು

ಸುರತ್ಕಲ್ಲಿನ ನಮ್ಮ ಹಳೇ ಮನೆಯ ಚಾವಡಿಯಲ್ಲಿ ಲೋಕಲೋಕಗಳ ಗಡಿ ದಾಟಿಸುವ, ಹರಿದರೆ ಹೊಲಿಯುವ ಯಂತ್ರವಿದೆ. ಮೇ ತಿಂಗಳಿಡೀ ಅದು ಅರ್ಧ ಹೊಲಿದು ನಿಲ್ಲುತ್ತಿತ್ತು. ಸೀಳಿನಾಚೆಯಿಂದ ಯಾವುದೋ ಲೋಕದ ಚಳಿಗಾಳಿ. ಅಮ್ಮನಿಗೆ ಮಾತ್ರ ಖುಷಿ, ಫ್ಯಾನೇ ಬೇಡವಂತೆ!

ಮೊದಲು ಕಾಯಿಲ್ ಬದಲಿಸಿದೆ. ದುಡ್ಡು ದಂಡ. ಬಿಚ್ಚಿ ನೋಡಿದರೆ ತಾಮ್ರದ ತುದಿಗಳಿಗೆಲ್ಲ ಹಸಿರು ಕಿಲುಬು, ಕಡಲಗಾಳಿಯ ಉಪದ್ರ. ದೀಪ ತಿಕ್ಕುವ ಹಾಗೆ ಹುಣಸೆಹುಳಿ ಹಚ್ಚಿ ಉಜ್ಜಿ, ತೊಳೆದು, ಚೆನ್ನಾಗಿ ಒಣಗಿಸಿದೆ. ಆದರೂ ಕೊನೆಯ ಗೇಣು ಹೊಲಿಯಲೊಲ್ಲದು.

ಅಸಲಿ ತಪ್ಪು ಅರ್ಥಿಂಗಿನದು. ನಮ್ಮದು ಮುರಕಲ್ಲಿನ ನೆಲ, ಬೇಸಿಗೆಗೆ ಒಣಗಿ ಕರೆಂಟನ್ನು ಭೂಮಿಗೆ ಬಿಡುವುದೇ ಇಲ್ಲ. ನೆಲದ ತಡೆ ಅಳೆದರೆ 40 ಓಮ್! ಅರ್ಥಿಂಗಿನ ಗುಂಡಿಯೊಳಗೆ ಇದ್ದಿಲು, ಕಲ್ಲುಪ್ಪು ತುಂಬಿ ಕೊಡಗಟ್ಟಲೆ ನೀರು ಹೊಯ್ದೆ. 4ಕ್ಕಿಳಿಯಿತು. ಸಂಜೆಯೊಳಗೆ ಸೀಳು ಮುಚ್ಚಿತು.

"ಮಳೆ ಹಿಡಿಯುವವರೆಗಾದರೂ ಬಿಡಬಹುದಿತ್ತಲ್ಲ ಮಾರಾಯಾ" ಅಂದರು ಅಮ್ಮ.